ಮೆಟ್ಟಿಲ ಬುಡದ ಅತ್ತಿಗೆ

ಸ್ಕೂಲ್ ಬ್ಯಾಗು ಹೊಲಿಯುವ ಕಾರ್ಖಾನೆ ಮೈದುನನದು, ನಡೆಸುವವಳು ಅತ್ತಿಗೆ. ಗಂಡ ತೀರಿಕೊಂಡ ಮೇಲೆ "ಸುಮ್ನೆ ಬಾಗಿಲು ನೋಡ್ಕೊಂಡಿರಿ, ಸಾಕು" ಎಂದು ಮೈದುನನೇ ಕರೆತಂದಿದ್ದ. ಅವಳು ನೋಡಿಕೊಂಡದ್ದು ಅವನನ್ನು.

ಮೈದುನನಿಗೆ ಹೊಸ ವಿಚಾರಗಳು ಹುಟ್ಟುತ್ತಿದ್ದುದು ಸ್ನಾನದ ಮನೆಯಲ್ಲಿ. ಮನುಷ್ಯ ಬಲು ಚೊಕ್ಕ, ದಿನಕ್ಕೆರಡು ಸ್ನಾನ. ಒದ್ದೆ ತಲೆಯಲ್ಲೇ ಓಡಿಬಂದು ಮೇಲಿನ ಹೊಲಿಗೆ ಕೋಣೆಗೆ ನುಗ್ಗಬೇಕೆನ್ನುವಷ್ಟರಲ್ಲಿ ಮೆಟ್ಟಿಲ ಬುಡದಲ್ಲಿ ಅತ್ತಿಗೆ ಕುರ್ಚಿ ಹಾಕಿಕೊಂಡು ಕೂತಿರುತ್ತಿದ್ದಳು.

"ಅತ್ತಿಗೆ, ಬ್ಯಾಗಿಗೆ ಚಕ್ರ ಹಾಕಿದ್ರೆ?"

"ಚೆನ್ನಾಗಿದೆ. ನಾಳೆ ಇನ್ನೊಂದ್ಸಲ ಹೇಳು."

ಮರುದಿನ ಅವನು ಪಟ್ಟಿಗೆ ಸೀಟಿ ಕಟ್ಟುವ ಮಾತು ತರುತ್ತಿದ್ದ. ಚಕ್ರ ಅಷ್ಟರಲ್ಲಿ ಉರುಳಿಹೋಗಿರುತ್ತಿತ್ತು. ಇಬ್ಬರು ಮಕ್ಕಳನ್ನು ಸಾಕಿದವಳಿಗೆ ಗೊತ್ತಿತ್ತು, ಅತ್ತದ್ದೆಲ್ಲ ಹಸಿವಲ್ಲ. ಹಸಿದದ್ದು ಮತ್ತೆ ಅಳುತ್ತದೆ. ಎರಡನೇ ಸಲ ಅತ್ತ ವಿಚಾರವನ್ನು ಅವಳೇ ಎತ್ತಿಕೊಂಡು ಮೇಲೆ ಹತ್ತುತ್ತಿದ್ದಳು. ಮಳೆಗೆ ನೆನೆಯದ ತಳ ಬಂದದ್ದು ಹಾಗೆ. ಕಾರ್ಖಾನೆಗೆ ಹೆಸರು ಬಂದದ್ದೂ ಅದರಿಂದಲೇ.

ಶಾಲೆಗಳು ತೆರೆಯುವ ಹೊತ್ತಿಗೆ ಅವಳ ಕಿರಿಮಗಳಿಗೆ ಜ್ವರ ಬಂತು. ಅತ್ತಿಗೆ ಕೆಲವು ದಿನ ಮನೆಯಲ್ಲುಳಿದಳು. ತಿರುಗಿ ಬಂದು ಮೇಲೆ ಹತ್ತಿ ನೋಡಿದರೆ, ಚಕ್ರ ಇದ್ದ ಬ್ಯಾಗುಗಳಿಗೆ ಪಟ್ಟಿಯಿಲ್ಲ, ಸೀಟಿ ಇದ್ದವಕ್ಕೆ ತಳವಿಲ್ಲ, ಯಾವುದಕ್ಕೂ ಜಿಪ್ಪಿಲ್ಲ. ಜಿಪ್ಪು ಕೂರಿಸಲು ಅಲ್ಲಿ ಕೈ ಪಳಗಿದವಳೆಂದರೆ ಜಿಪ್ಪಕ್ಕ ಒಬ್ಬಳೇ. ಅವಳು ಏಪ್ರನ್ ಮಡಚುತ್ತಿದ್ದಳು.

"ಎಲ್ಲಿಗೆ?"

"ಎದುರುಗಡೆ ಕೊಡೆ ಅಂಗಡಿಗೆ. ಕೊಡೆಗೆ ಹೊಸ ವಿಚಾರ ಇಲ್ಲ ಕಣೇ. ಬಿಚ್ಚೋದು, ಮುಚ್ಚೋದು. ಇಲ್ಲಿ ಬೆಳಿಗ್ಗೆ ಹೊಲಿದದ್ದನ್ನ ಮಧ್ಯಾಹ್ನ ಬಿಚ್ಚಬೇಕು."

"ಊಟದ ತನಕ ಇರು. ಆಮೇಲೂ ಹೋಗ್ಬೇಕು ಅನ್ಸಿದ್ರೆ ಗೇಟಿನವರೆಗೆ ನಾನೇ ಬರ್ತೀನಿ."

ಜಿಪ್ಪಕ್ಕ ಹೋದರೆ ಬ್ಯಾಗು ಒಯ್ಯುವ ಶನಿವಾರದ ಲಾರಿ ಖಾಲಿ ಹೋಗುತ್ತದೆ. ಅತ್ತಿಗೆ ಮೈದುನನನ್ನು ಮೇಲೆ ಕರೆದಳು. ಅವನು ಉಬ್ಬಿಕೊಂಡೇ ಬಂದ.

"ನೋಡಿದ್ರಾ ಅತ್ತಿಗೆ, ನೀವಿಲ್ದಾಗ ಎಷ್ಟು ಕೆಲ್ಸ ಆಗಿದೆ."

"ನೋಡ್ದೆ. ಒಂದೂ ಮುಚ್ಚಲ್ಲ. ಇಷ್ಟರಲ್ಲಿ ಒಂದನ್ನ ಇಟ್ಕೋ. ಮಿಕ್ಕಿದ್ದನ್ನ ನಿನ್ ಕೈಯಾರೆ ಕೆಳಗಿಳಿಸು."

ಅವನು ಚಕ್ರ ಎತ್ತಿದ, ಇಟ್ಟ. ಸೀಟಿ ಎತ್ತಿದ, ಒಮ್ಮೆ ಊದಿದ, ಇಟ್ಟ. ಹೆತ್ತವರಿಗೆ ಹೆಗ್ಗಣ ಮುದ್ದು. ಇವನು ಒಂದು ಬಿಲದ ತುಂಬ ಹೆತ್ತಿದ್ದ. ಮತ್ತೆ ಚಕ್ರ ಎತ್ತಿದ.

ಅತ್ತಿಗೆ ಮನೆಯಲ್ಲುಳಿದಂದಿನಿಂದ ಹೊಸ ಅಪ್ಪಣೆ ಹೊರಡದ ಬೆಳಿಗ್ಗೆ ಆ ಕೋಣೆಗೆ ಇದೇ ಮೊದಲು. ಒಂದೊಂದೇ ಮಷಿನ್ನು ಶುರುವಾಯಿತು. ಸುಮ್ಮನೆ ಕೂತರೆ ಕೈ ಜೋಮು ಹಿಡಿಯುತ್ತದೆಂದು ಗೊಣಗುತ್ತ ಜಿಪ್ಪಕ್ಕ ಒಂದು ಸಾದಾ ಬ್ಯಾಗು ಎಳೆದುಕೊಂಡಳು. ಅದರ ಹಿಂದೆ ಇನ್ನೊಂದು. ಏಪ್ರನ್ ಯಾವಾಗ ತೊಟ್ಟಳೋ ಯಾರೂ ನೋಡಲಿಲ್ಲ.

ಊಟದ ಗಂಟೆ ಹೊಡೆದಾಗಲೂ ಮೈದುನ ಚಕ್ರ ಹಿಡಿದು ನಿಂತೇ ಇದ್ದ.

"ಸ್ವಲ್ಪ ಆಚೆ ನಿಂತು ಯೋಚ್ನೆ ಮಾಡಿ ಯಜಮಾನ್ರೇ," ಎಂದಳು ಜಿಪ್ಪಕ್ಕ, ಸೂಜಿಯಿಂದ ಕಣ್ಣೆತ್ತದೆ. "ಬೆಳಕಿಗೆ ಅಡ್ಡ ಆಗ್ತಿದೀರಿ."

ಅವನು ಆಚೆ ಸರಿದ.