ಸೈಕಲ್ ಟೂರಿಗೆ ಬೇಕಾದ ನಿಜವಾದ ಎತ್ತರ

ಗೆಳೆಯರೇ, ನಮ್ಮ ಹನಿಮೂನ್ ಬುಕ್ ಆಯಿತು, ಬೆಲ್ಜಿಯಂನ ಬ್ರೂಜ್ ಎಂಬ ಹಳೆಯ ಊರನ್ನು ಗೈಡ್ ಜೊತೆ ಸೈಕಲ್ಲಿನಲ್ಲಿ ಸುತ್ತಲಿದ್ದೇವೆ, ನನಗಂತೂ ಖುಷಿ ತಡೆಯಲು ಆಗುತ್ತಿಲ್ಲ.

ಇಂದು ಬೆಳಿಗ್ಗೆ ಆ ಗೈಡ್ ಮೇಲ್ ಕಳಿಸಿದ್ದಳು: "ಸರಿಯಾದ ಸೈಕಲ್ ಆರಿಸಲು ಇಬ್ಬರ ನಿಜವಾದ ಎತ್ತರ ತಿಳಿಸಿ. ದಾರಿಯೆಲ್ಲ ಕಾಲುವೆಯ ಅಂಚಿನಲ್ಲಿದೆ. ಕಾಲು ನೆಲಕ್ಕೆ ಸಿಗದಿದ್ದರೆ ನೀರಿಗೆ ಬೀಳುತ್ತೀರಿ."

ನಾನು ಉತ್ತರ ಟೈಪ್ ಮಾಡಲು ಕುಳಿತೆ. "ಪ್ರಣವ್, ನಿಂದು ಐದು ಅಡಿ ಎಂಟು ಇಂಚು ಅಲ್ವಾ?"

ನನ್ನ ಗಂಡ ಕಾಫಿ ಲೋಟದೊಳಗೆ ನೋಡುತ್ತಾ, "ಆರು ಇಂಚು ಅಂತ ಹಾಕು," ಎಂದ.

"ಬಯೋಡೇಟಾದಲ್ಲಿ ಎಂಟು ಅಂತ ಇತ್ತಲ್ಲೋ?"

"ಅದು ಅಮ್ಮ ಬರೆದಿದ್ದು ಕಣೆ. ಎತ್ತರ ಕಮ್ಮಿ ಇದ್ರೆ ಹುಡುಗೀರು ಫೋಟೋನೇ ನೋಡಲ್ಲ ಅಂತ ದೊಡ್ಡಮ್ಮ ಹೇಳಿದ್ರಂತೆ."

ಮದುವೆಗೆ ಮುಂಚೆಯೇ ಮೋಸ ಎಂದು ನಾನು ಐದು ನಿಮಿಷ ರೇಗಿದೆ. ಅವನು ಎದ್ದು ಹೋಗಿ, ಸೋಫಾ ಅಳೆಯಲು ಕೊಂಡಿದ್ದ ಟೇಪ್ ತಂದ. "ಈಗ ನೀನು ಗೋಡೆಗೆ ಒರಗಿ ನಿಲ್ಲು. ನಿಂದು ಐದು ಅಡಿ ನಾಲ್ಕು ಇಂಚು ಅಲ್ವಾ?"

ನನ್ನ ಬಯೋಡೇಟಾ ಬರೆದವರು ನಮ್ಮಪ್ಪ, ನಾನೂ ಅದನ್ನೇ ನಂಬಿದ್ದೆ. ಟೇಪ್ ಐದು ಅಡಿ ಎರಡು ಇಂಚಿಗೇ ನಿಂತಿತು.

ಎರಡೂ ಮನೆಯವರು ಸರಿಯಾಗಿ ಎರಡೆರಡು ಇಂಚು ಸೇರಿಸಿದ್ದರಿಂದ, ಪಕ್ಕಪಕ್ಕ ನಿಂತಾಗ ನಮ್ಮ ನಡುವಿನ ಅಂತರ ಬಯೋಡೇಟಾ ಪ್ರಕಾರವೇ ಇತ್ತು. ಹಾಗಾಗಿ ಎಜುಕೇಶನ್ ಹಿಲ್ ಬಡಾವಣೆಯ ಈ ಮನೆಯಲ್ಲಿ ಎರಡು ತಿಂಗಳಿಂದ ನನಗೆ ಅನುಮಾನ ಬಂದಿರಲಿಲ್ಲ. ಇಷ್ಟು ಚೆನ್ನಾಗಿ ನಮ್ಮ ಜಾತಕವೂ ಹೊಂದಿರಲಿಲ್ಲ.

ಗೈಡ್‌ಗೆ ನಿಜವನ್ನೇ ಬರೆದು, ಕೊನೆಯಲ್ಲಿ ಒಂದು ಸಾಲು ಸೇರಿಸಿದೆ: ಸ್ಟೇಷನ್ನಿನಲ್ಲಿ ನಮ್ಮನ್ನು ಹುಡುಕುವಾಗ ಸ್ವಲ್ಪ ಕೆಳಗೆ ನೋಡಿ, ಮುಂದಿನ ಶನಿವಾರ ಬ್ರಸೆಲ್ಸ್‌ನಿಂದ ಹತ್ತು ಗಂಟೆಯ ರೈಲಿಗೆ ಬರುತ್ತೇವೆ.