‘ಬಾ’ ಎಂಬ ಫೈಲು ಯಾರದು?

ನಮ್ಮ ಹುಲಿಗೇಶನಿಗೆ ಕಂಪ್ಯೂಟರ್ ಫಾರ್ಮ್ಯಾಟ್ ಮಾಡು ಎಂದರೆ ಯಾರದೋ ಬಣವೆಗೆ ಬೆಂಕಿ ಹಚ್ಚು ಎಂದ ಹಾಗೆ. ರಾಯಚೂರಿನಲ್ಲಿ ನಾವಿಬ್ಬರೂ ಪಾಲಿನಲ್ಲಿ ಇಟ್ಟಿರುವ ರಿಪೇರಿ ಅಂಗಡಿಗೆ ಏಳಲಾರದ ಕಂಪ್ಯೂಟರ್ ಬಂದರೆ, ನಾನು ಎಲ್ಲವನ್ನೂ ಅಳಿಸಿ ಹೊಸದಾಗಿ ತುಂಬಿ ಕಳಿಸುತ್ತೇನೆ. ಗಿರಾಕಿಯೂ ಆರಾಮ, ನಾನೂ ಆರಾಮ. ಈ ಮಹಾರಾಯನದು ಬೇರೆ ದಾರಿ. "ಔಷಧ ಅದರ ಹೊಟ್ಟ್ಯಾಗ ಅದ ವಿನೋದಣ್ಣ, ಹೊರಗಿಂದ ಯಾಕ ತರ್ತೀ?" ಎನ್ನುತ್ತಾನೆ.

ಆ ಔಷಧ ತೆಗೆಯುವ ರೀತಿ ನೋಡಬೇಕು. ವಿಂಡೋಸ್ ಏಳುತ್ತಿರುವಾಗಲೇ ಪವರ್ ಬಟನ್ ಒತ್ತಿಹಿಡಿದು ಆರಿಸುತ್ತಾನೆ. ಮತ್ತೆ ಚಾಲೂ ಮಾಡುತ್ತಾನೆ, ಮತ್ತೆ ಆರಿಸುತ್ತಾನೆ. "ಯಪ್ಪಾ, ಕೊಂದs ಹಾಕ್ತೀಯೇನು ಅದನ್ನ!" ಎಂದು ಗಿರಾಕಿ ಎದೆ ಹಿಡಿದುಕೊಳ್ಳುವ ಹೊತ್ತಿಗೆ ಕಂಪ್ಯೂಟರಿಗೇ ಬೇಸರವಾಗಿ ರಿಪೇರಿಯ ನೀಲಿ ಪರದೆ ತೋರಿಸುತ್ತದೆ. ಅಲ್ಲಿಂದ ಸೇಫ್ ಮೋಡ್, ಅಂದರೆ ತೀರಾ ಬೇಕಾದದ್ದಷ್ಟೇ ಏಳುವ ಸ್ಥಿತಿ. ಅದರಲ್ಲಿ ಪರದೆಯ ಹಿನ್ನೆಲೆಯೆಲ್ಲ ಕಪ್ಪು, ಅಕ್ಷರಗಳೆಲ್ಲ ದಪ್ಪ. ಗಿರಾಕಿ ಇನ್ನಷ್ಟು ಹೆದರುತ್ತಾನೆ. ಹುಲಿಗೇಶ ಚಾ ತರಿಸುತ್ತಾನೆ.

ಅವನ ತಂದೆ ದುರುಗಪ್ಪ ದೇವದುರ್ಗದ ಕಡೆ ಕುರಿ ಕಾಯುವವರು. ಯಾವುದು ಕುಂಟುತ್ತಿದೆ ಎಂದು ತಿಳಿಯಲು ಹಟ್ಟಿಯ ಬಾಗಿಲು ಸಣ್ಣದು ಮಾಡಿ ಒಂದೊಂದೇ ಕುರಿಯನ್ನು ಹೊರಗೆ ಬಿಡುತ್ತಾರಂತೆ. ಮಗನೂ ಅದನ್ನೇ ಮಾಡುತ್ತಾನೆ. ಕಂಪ್ಯೂಟರಿನ ಜೊತೆಗೇ ಏಳುವ ಪ್ರೋಗ್ರಾಮುಗಳನ್ನೆಲ್ಲ ಬಂದ್ ಮಾಡಿ, ಒಂದೊಂದನ್ನೇ ಬಿಟ್ಟು ನೋಡುತ್ತಾನೆ. ಪ್ರತಿಯೊಂದಕ್ಕೂ ಮನೆಯವರನ್ನು ಕರೆದು "ಇದು ಯಾರದು?" ಎಂದು ವಿಚಾರಣೆ. ಯಾರೂ ನಂದು ಅನ್ನದಿದ್ದರೆ ಅದು ಬಂದ್. ಈ ಪಂಚಾಯ್ತಿ ನೋಡಿ ನನಗೆ ಮೈಯೆಲ್ಲ ಉರಿಯುತ್ತದೆ. ಆದರೆ ಅವನು ಮುಟ್ಟಿದ ಕಂಪ್ಯೂಟರ್ ಮತ್ತೆ ರಿಪೇರಿಗೆ ಬರುತ್ತಿರಲಿಲ್ಲ, ಮಾನ್ವಿಯ ಸಿದ್ರಾಮನ ಕಂಪ್ಯೂಟರ್ ಒಂದನ್ನು ಬಿಟ್ಟು.

ಸಿದ್ರಾಮ, ಲಲಿತಾ ಗಂಡ ಹೆಂಡತಿ. ಮುಂದೆ ಝೆರಾಕ್ಸ್ ಅಂಗಡಿ, ಹಿಂದೆ ಮನೆ. ಝೆರಾಕ್ಸ್ ಅವನದು, ಕನ್ನಡ ಟೈಪಿಂಗ್ ಅವಳದು. ಕಂಪ್ಯೂಟರ್ ಏಳಲು ಬಹಳ ಹೊತ್ತು ಹಿಡಿಯುತ್ತದೆ ಎಂದು ಫೋನ್ ಬಂತು, ಹುಲಿಗೇಶ ಬಸ್ಸು ಹತ್ತಿ ಹೋದ. ಜೊತೆಗೇ ಏಳುವವುಗಳ ಪಟ್ಟಿಯಲ್ಲಿ ‘ಬಾ’ ಎಂಬ ಫೈಲು ಕಂಡಿತು.

"ಇದು ಯಾರದ್ರೀ?"

"ಆಕೀನ ಕೇಳ್ರಿ" ಎಂದ ಸಿದ್ರಾಮ.

"ಅವರನ್ನ ಕೇಳ್ರಿ" ಎಂದಳು ಲಲಿತಾ.

ಯಾರೂ ನಂದು ಅನ್ನಲಿಲ್ಲ. ಹುಲಿಗೇಶ ತನ್ನ ಕಾಯ್ದೆಯಂತೆ, ವಾರಸುದಾರರಿಲ್ಲದ ಉಳಿದವುಗಳ ಜೊತೆ ಅದನ್ನೂ ಬಂದ್ ಮಾಡಿದ. ಕಂಪ್ಯೂಟರ್ ಫಟ್ ಅಂತ ಎದ್ದು ಕೂತಿತು. ಇವನು ಎದೆ ಉಬ್ಬಿಸಿಕೊಂಡು ರಾಯಚೂರಿಗೆ ಬಂದ.

ಆ ವಾರವೇ ಸಿದ್ರಾಮನ ಫೋನ್. "ಕೆಡಿಸಿ ಹೋಗೀರಲ್ರೀ! ಲಗೂ ಬರ್ರಿ, ಆಕಿ ಬ್ಯಾಗ್ ಕಟ್ಯಾಳ!" ಕಂಪ್ಯೂಟರಿಗೂ ಬ್ಯಾಗಿಗೂ ಏನು ಸಂಬಂಧ ಎಂದು ನನಗೆ ಸಿಟ್ಟೇ ಬಂತು. ಈ ಸಲ ನಾನೂ ಹೋದೆ.

ಸಂಬಂಧ ಇತ್ತು. ಕವಿತಾಳ ಎಂಬ ಊರಿನಲ್ಲಿ ಲಲಿತಾಳ ತವರಿನ ಒಂದು ಕಾರ್ಯದಲ್ಲಿ, ಅಳಿಯ ಸಿದ್ರಾಮನನ್ನು "ಊಟಕ್ಕ ಏಳ್ರಿ" ಎಂದು ಯಾರೂ ಕರೆದಿರಲಿಲ್ಲ. ಅವನು ಉಣ್ಣದೆ ಎದ್ದು ಬಂದ. "ಕರೀದಿದ್ರ ಏನಾತು, ಕುಂಡ್ರಬೇಕಿತ್ತು" ಎಂದಳು ಇವಳು. ಅಂದಿನಿಂದ ಇಬ್ಬರಿಗೂ ಮಾತಿಲ್ಲ. ಆದರೆ ಅಂಗಡಿ ಹೊಸದಿದ್ದಾಗಲೇ ಸಿದ್ರಾಮ ಆ ‘ಬಾ’ ಫೈಲಿನಲ್ಲಿ ತನ್ನ ದನಿ ತುಂಬಿ ಇಟ್ಟಿದ್ದ. ಕಂಪ್ಯೂಟರ್ ಎದ್ದ ಕೂಡಲೇ ಅದು "ಲಲಿತಾ, ಬಾ, ಚಾಲೂ ಆತು" ಎಂದು ಕೂಗುತ್ತಿತ್ತು. ಅವಳು ಅಡುಗೆಮನೆಯಿಂದ ಬಂದು ಟೈಪಿಂಗಿಗೆ ಕೂರುತ್ತಿದ್ದಳು. ಮಾತು ಬಿಟ್ಟ ಮೇಲೂ ಆ ಫೈಲೊಂದು ತಪ್ಪದೆ ಕರೆಯುತ್ತಿತ್ತು, ಅವಳು ಬರುತ್ತಿದ್ದಳು. ಇಬ್ಬರ ಮರ್ಯಾದೆಯೂ ಉಳಿದಿತ್ತು. ಈಗ ಅದೂ ಬಾಯಿ ಮುಚ್ಚಿತ್ತು.

ನಾವು ಹೋದಾಗ ಅವಳ ಬ್ಯಾಗು ಬಾಗಿಲಲ್ಲೇ ಇತ್ತು. "ಹಾಳಾದ ಪೆಟ್ಟಿಗಿನಾರ ಕರೀತಿತ್ತು, ಕೂಡ್ತಿದ್ದೆ. ಈಗ ಅದೂ ಇಲ್ಲ. ಕರೀಲಾರದ ಮನ್ಯಾಗ ನಾ ಯಾಕ ಇರಲಿ?" ಎಂದು ನಮಗೆ ಹೇಳಿದಳು. ಗಂಡ ಅಲ್ಲೇ ಇದ್ದ. ಟೈಪಿಂಗಿಗೆ ಬಂದಿದ್ದ ಸೂಗಮ್ಮ ಎಂಬ ಮುದುಕಿ, ಅರ್ಜಿ ಹಿಡಿದುಕೊಂಡು ಇಬ್ಬರ ಮುಖವನ್ನೂ ನೋಡುತ್ತ ನಿಂತಿದ್ದಳು.

ಹುಲಿಗೇಶ ಬೆವರು ಒರೆಸಿಕೊಂಡ. "ಯಕ್ಕಾ, ತಪ್ಪಾತು. ಫೈಲು ಎಲ್ಲೂ ಹೋಗಿಲ್ಲ, ಬರೇ ಬಂದ್ ಅದ. ಈಗ ಚಾಲೂ ಮಾಡ್ತೀನಿ" ಎಂದು ಮೌಸ್ ಹಿಡಿದ. ನಾನಾಗಿದ್ದರೆ ಎಲ್ಲವನ್ನೂ ಅಳಿಸಿಬಿಟ್ಟಿರುತ್ತಿದ್ದೆ.

"ಬ್ಯಾಡ ತಮ್ಮಾ" ಎಂದಳು ಲಲಿತಾ. "ಆ ದನಿ ಆವಾಗಿಂದು. ಈಗಿಂದು ಇದ್ರ ಕೇಳ್ತೀನಿ, ಇಲ್ಲಂದ್ರ ಬಸ್ಸಿಗೆ ಹೊತ್ತಾತು."

ಎಲ್ಲರೂ ಸಿದ್ರಾಮನನ್ನು ನೋಡಿದೆವು. ಅವನು ಝೆರಾಕ್ಸ್ ಮಶೀನಿನ ಮುಚ್ಚಳ ತೆಗೆದ, ಹಾಕಿದ, ಮತ್ತೆ ತೆಗೆದ. ಎಲ್ಲಿ ನೋಡುವುದೆಂದು ತಿಳಿಯದೆ ಹುಲಿಗೇಶ ಈವೆಂಟ್ ವ್ಯೂವರ್ ತೆರೆದುಕೊಂಡು, ಕಂಪ್ಯೂಟರ್ ಬರೆದಿಟ್ಟ, ಆಗಿಹೋದ ತಪ್ಪುಗಳನ್ನು ಮೇಲಿನಿಂದ ಕೆಳಗೆ ಓದುತ್ತ ಕುಳಿತ. ಲಲಿತಾ ಬ್ಯಾಗು ಎತ್ತಿಕೊಂಡಳು.

"ಹೇಳೋ ಮಾರಾಯಾ, ಏನರ ಒಂದು" ಎಂದಳು ಸೂಗಮ್ಮ.

"ಲಲಿತಾ" ಎಂದ ಸಿದ್ರಾಮ. ಮಶೀನಿನ ಮುಚ್ಚಳ ಹಾಕಿ, "ಏನ್ ಮಾತಾಡಬೇಕಂತs ಗೊತ್ತಾಗವಲ್ದು ನನಗ" ಎಂದ.

"ಮತ್ತ ಅದನ್ನs ಮಾತಾಡ್ರಿ" ಎಂದಳು ಲಲಿತಾ, ಬ್ಯಾಗು ಕೆಳಗಿಟ್ಟು.