‘ಅಡವು’ ಎನ್ನಲು ನಾಚಿದ್ದಕ್ಕೆ

ದರ್ಬೆಯ ನಮ್ಮ ಸಹಕಾರಿ ಸಂಘದ ಚಿನ್ನದ ಕೌಂಟರಿನಲ್ಲಿ ‘ಅಡವು’ ಎಂಬ ಮಾತನ್ನು ಯಾರೂ ಗಟ್ಟಿಯಾಗಿ ಆಡುವುದಿಲ್ಲ. ಬಂದವರು ಕೈಚೀಲ ತೆರೆಯುತ್ತ, “ಒಂದು ಇಡ್ಲಿಕ್ಕುಂಟು” ಎನ್ನುತ್ತಾರೆ. “ಆಯ್ತು, ತೆಗೊಳ್ತೇವೆ” ಎನ್ನುತ್ತೇವೆ ನಾವು. ಹಿಂದೆ ಸಾಲಿನಲ್ಲಿ ಪರಿಚಯದವರೇ ನಿಂತಿರುತ್ತಾರೆ. ಅವರೆದುರು ಉಳಿಸುವ ಮರ್ಯಾದೆ ಅದು. ಕೆಲಸಕ್ಕೆ ಸೇರಿದ ವಾರದಲ್ಲೇ ಈ ಮಾತಿನ ರೀತಿ ಕಲಿತಿದ್ದೆ. ಅದು ನನ್ನನ್ನೇ ಆರೋಪಿ ಮಾಡಬಹುದೆಂದು ಬಿ.ಕಾಂ. ತರಗತಿಯಲ್ಲಿ ಯಾರೂ ಹೇಳಿಕೊಟ್ಟಿರಲಿಲ್ಲ.

ಅಂದು ಬೆಳಗ್ಗೆ ಹನ್ನೊಂದರ ಹೊತ್ತಿಗೆ ಜೀಪು ಬಂದು ನಿಂತಿತು. ಘಟ್ಟದ ಮೇಲಿನ ಜಿಲ್ಲೆಯ ಪೊಲೀಸರು: ಒಬ್ಬ ಎಸ್‌ಐ, ಬರೆಯಲು ಒಬ್ಬ ಪೇದೆ. ನಡುವೆ ಕೈಕೋಳ ತೊಟ್ಟ ಮಧ್ಯವಯಸ್ಕ. ಮುಖ ಕಂಡೊಡನೆ ಗುರುತು ಸಿಕ್ಕಿತು. ಹೆಂಡತಿಯ ಆಪರೇಷನ್ನಿಗೆಂದು ಹವಳ ಪೋಣಿಸಿದ ಚಿನ್ನದ ಸರ ಇಟ್ಟು ಹೋಗಿದ್ದವನು. ಆಧಾರ್ ಕೊಟ್ಟಿದ್ದ, ಸಹಿ ಹಾಕಿದ್ದ, ಹೋಗುವಾಗ ಕೈಯನ್ನೂ ಮುಗಿದಿದ್ದ.

ಈಗ ನನ್ನತ್ತ ಬೆರಳು ಚಾಚಿದ. “ಇವರೇ.”

“ಇವನು ಇಲ್ಲಿಗೆ ತಂದಿದ್ದು ಕದ್ದ ಸರ. ತಗೊಂಡಿದ್ದು ನೀನೇನಮ್ಮಾ?” ಎಂದರು ಎಸ್‌ಐ.

“ಹೌದು ಸಾರ್, ನಾನೇ ತೆಗೊಂಡದ್ದು.”

ಪೇದೆ ಬರೆಯತೊಡಗಿದ. ಕಾರ್ಯದರ್ಶಿಯವರು ಸುಳ್ಯಕ್ಕೆ ಹೋಗಿದ್ದರು. ಇದ್ದದ್ದು ನಾನು ಮತ್ತು ಚಿನ್ನ ಉಜ್ಜಿ ನೋಡುವ ನಮ್ಮ ವಯಸ್ಸಾದ ಸರಾಫರು. ಅವರು ಸರವನ್ನು ತಿಜೋರಿಯಿಂದ ತೆಗೆದು ತೂಗುತ್ತಿರುವಾಗ ನಾನು ಒಳಕೋಣೆಯಿಂದ ಸಂಘದ ವಕೀಲರಿಗೆ ಫೋನ್ ಮಾಡಿದೆ.

“ಪೊಲೀಸರು ಸರ ತೆಗೊಂಡು ಹೋಗುದನ್ನು ತಡೀಲಿಕ್ಕೆ ಆಗುದಿಲ್ಲ ಮಾರಾಯ್ತಿ,” ಎಂದರು ಅವರು. “ಆದರೆ ಮಹಜರಿನಲ್ಲಿ ಅಡವಿನ ಮಾಲು ಅಂತ ಇರ್ಬೇಕು. ಆಗ ಕೋರ್ಟಿನಲ್ಲಿ ನಮ್ಮ ಹಕ್ಕು ಕೇಳ್ಲಿಕ್ಕೆ ಒಂದು ಆಧಾರ ಉಂಟು. ಸಿಗುದು ಬಿಡುದು ಆಮೇಲೆ, ಸರದ ಒಡತಿಯೂ ಕೇಳ್ತಾಳಲ್ಲ. ಓದದೆ ಮಾತ್ರ ಸಹಿ ಹಾಕ್ಬೇಡ.”

ಹೊರಗೆ ಬಂದು ಪೇದೆ ಬರೆದ ಮಹಜರು ಓದಿದೆ. ‘ಸದರಿ ಸರವನ್ನು ನಾನು ಆರೋಪಿಯಿಂದ ಖರೀದಿಸಿರುತ್ತೇನೆ.’ ಸಹಿ ಹಾಕಿದರೆ ಸಂಘಕ್ಕೆ ಸರದ ಮೇಲೆ ಯಾವ ಹಕ್ಕೂ ಉಳಿಯುವುದಿಲ್ಲ. ನಾನು ಕಳ್ಳಮಾಲು ಕೊಂಡವಳು.

“ಸಾರ್, ಖರೀದಿ ಅಲ್ಲ.”

“ಈಗ ತಾನೇ ತಗೊಂಡೆ ಅಂದೆಯಲ್ಲಮ್ಮಾ?”

“ತೆಗೊಂಡದ್ದು ಅಂದರೆ… ಇಟ್ಟುಕೊಂಡದ್ದು ಸಾರ್.”

“ಕದ್ದ ಮಾಲನ್ನ ಇಟ್ಕೊಂಡೆಯಾ?” ಪೇದೆ ನಕ್ಕ. “ಬರ್ಕೊಳ್ಳಲಾ ಸಾರ್, ಇದನ್ನೂ?”

ಸಾಲಿನಲ್ಲಿ ನಾಲ್ಕೈದು ಜನ ಇದ್ದರು. ಅವರಲ್ಲಿ ಈಶ್ವರಮಂಗಲದಿಂದ ಬಂದು ಹೋಗುವ ಅಕ್ಕ ಒಬ್ಬಳು, ಚೀಲವನ್ನು ಎದೆಗೊತ್ತಿಕೊಂಡು ನಿಂತಿದ್ದಳು. ಬೇಕಾದ ಶಬ್ದ ನಾಲಿಗೆಯ ಮೇಲಿತ್ತು, ಹೊರಗೆ ಬರುತ್ತಿರಲಿಲ್ಲ. ಇವತ್ತಿಗೂ ಮಧ್ಯಾಹ್ನ ಊಟಕ್ಕೆ ಕುಳಿತಾಗ ಆ ಕ್ಷಣ ಮತ್ತೆ ಬರುತ್ತದೆ. ಕಾಗದದ ಮೇಲೆ ಪೆನ್ನು ಇಟ್ಟಿದೆ, ನಾನು ಸುಮ್ಮನೆ ನಿಂತಿದ್ದೇನೆ.

“ಅಡವು ಅಂತ ಹೇಳು ಮಾರಾಯ್ತಿ!” ಸರಾಫರು ತಕ್ಕಡಿಯ ಹಿಂದಿನಿಂದ ಗದರಿದರು. “ಮರ್ಯಾದೆ ಮತ್ತೆ ನೋಡುವ!”

“ಅಡವು ಸಾರ್!” ಕೂಗಿಯೇಬಿಟ್ಟೆ. “ಅಡವಿಗೆ ಇಟ್ಟದ್ದು! ಇಲ್ಲಿ ಎಲ್ಲರೂ ಅಡವು ಇಡ್ಲಿಕ್ಕೇ ಬರುದು!”

ಆ ಅಕ್ಕ ಚೀಲದ ಜಿಪ್ಪು ಎಳೆದುಕೊಂಡು, ಯಾರ ಮುಖವನ್ನೂ ನೋಡದೆ ಹೊರಗೆ ನಡೆದಳು.

ಸರಾಫರು ಅಡವಿನ ಅರ್ಜಿ ತಂದಿಟ್ಟರು: ಅವನ ಫೋಟೊ, ಅವನದೇ ಸಹಿ. ಎಸ್‌ಐ ಎರಡು ಸಲ ಓದಿ, “ಹೊಡೆದು ಹಾಕು, ಸರಿಯಾಗಿ ಬರಿ” ಎಂದು ಪೇದೆಗೆ ಹೇಳಿದರು. ಹೊಸ ಸಾಲನ್ನು ಓದಿ ಸಹಿ ಹಾಕಿದೆ. ಮಹಜರಿನ ಪ್ರತಿ ಕೊಟ್ಟು ಸರ ಒಯ್ದರು.

ಸರ ನಮ್ಮ ವಶಕ್ಕೆ ಬೇಕೆಂಬ ಅರ್ಜಿ ಈಗ ಕೋರ್ಟಿನಲ್ಲಿದೆ. ಕಳಕೊಂಡವಳದೂ ಒಂದು ಅರ್ಜಿ ಇದೆ. ಅವಳ ಮುಖ ನಾನು ಕಂಡಿಲ್ಲ. ಅವಳು ಸೋಲಲಿ ಎಂದು ಹಾರೈಸಲೂ ಆಗುವುದಿಲ್ಲ. ಸಾಕ್ಷಿಗೆ ಕರೆಯಬಹುದು ಎಂದಿದ್ದಾರೆ ವಕೀಲರು. “ಅಲ್ಲಿ ತೆಗೊಂಡದ್ದು ಅಂತ ಮಾತ್ರ ಹೇಳ್ಬೇಡ.”

ಮೊನ್ನೆ ಈಶ್ವರಮಂಗಲದ ಅಕ್ಕ ಮತ್ತೆ ಬಂದಳು. ಕೌಂಟರು ಖಾಲಿಯಾಗುವವರೆಗೆ ಬೆಂಚಿನಲ್ಲಿ ಕಾದಳು. “ಒಂದು ಇಡ್ಲಿಕ್ಕುಂಟು,” ಎಂದಳು.

ಹೊರಗೆ ಯಾವುದೋ ಜೀಪು ನಿಂತ ಸದ್ದು.

“ಅಡವಿಗಾ ಅಕ್ಕಾ?” ಎಂದೆ, ತೀರ ಮೆಲ್ಲಗೆ.

ಅವಳು ಒಮ್ಮೆ ಬಾಗಿಲ ಕಡೆ ನೋಡಿ ಹೌದೆಂದು ತಲೆಯಾಡಿಸಿದಳು.

“ಬಾಯಲ್ಲಿ ಹೇಳಿ ಅಕ್ಕಾ,” ಎಂದೆ.